ಬಾಗಿಲಿನ ಈಚೆ

ಮೂರನೆಯ ಸಲವೂ ಒರೆಸ್ಟ್‌ನ ಕಾಲು ತಪ್ಪಿತು. ಪರದೆಯ ಮೇಲೆ ನಟ ಅಡುಗೆಮನೆಯ ನೆಲ ದಾಟಿ ಹಿತ್ತಿಲ ಬಾಗಿಲ ಕಡೆ ಬರುತ್ತಾನೆ. ಆರೇ ಹೆಜ್ಜೆ, ಅವಸರವಿಲ್ಲದ ಹೆಜ್ಜೆ. ಅದಕ್ಕೆ ಸರಿಯಾಗಿ ಒರೆಸ್ಟ್ ಇಲ್ಲಿ, ಸ್ಟುಡಿಯೋದ ಹಲಗೆಯ ಮೇಲೆ, ನಿಂತ ಜಾಗದಲ್ಲೇ ಆರು ಹೆಜ್ಜೆ ಹಾಕಬೇಕು. ಮೂವತ್ತೊಂದು ವರ್ಷದಿಂದ ಅವನ ಹೊಟ್ಟೆಪಾಡು ಇದೇ. ಸಿನಿಮಾದಲ್ಲಿ ಯಾರೋ ನಡೆಯುತ್ತಾರೆ, ತಟ್ಟೆ ಇಡುತ್ತಾರೆ, ಕೋಟು ಕಳಚುತ್ತಾರೆ. ಚಿತ್ರ ತೆಗೆದಾದ ಮೇಲೆ ಆ ಸದ್ದನ್ನೆಲ್ಲ ಅವನು ಈ ಕೋಣೆಯಲ್ಲಿ ಕೈಯಿಂದ, ಕಾಲಿಂದ ಮಾಡುತ್ತಾನೆ. ಕುದುರೆಯ ಗೊರಸಿನಿಂದ ಹಿಡಿದು ಹೆಣದ ಮೇಲೆ ಹೊದಿಸುವ ಬಟ್ಟೆಯವರೆಗೆ ಅವನು ಮಾಡದ ಸದ್ದಿಲ್ಲ. ಇಂದು ಮಾತ್ರ ಕಾಲು ಅವನ ಮಾತು ಕೇಳುತ್ತಿಲ್ಲ. ನಟ ಮೂರನೆಯ ಹೆಜ್ಜೆ ಎತ್ತುವಷ್ಟರಲ್ಲಿ ಒರೆಸ್ಟ್ ನಾಲ್ಕು ಮುಗಿಸಿರುತ್ತಾನೆ. ಯಾಕೆಂದರೆ ಆ ಅಡುಗೆಮನೆಯನ್ನು ಅವನು ಅಷ್ಟು ನಿಧಾನವಾಗಿ ದಾಟಿರಲಿಲ್ಲ.

"ಏನ್ ಕುಯಾ, ಇವತ್ತು ಯಾವ ಬಸ್ಸು ಹಿಡೀಬೇಕು?" ಗಾಜಿನ ಆಚೆಯಿಂದ ರೊಮೆಲ್‌ನ ದನಿ ಸ್ಪೀಕರಿನಲ್ಲಿ ಬಂತು. ಧ್ವನಿಮುದ್ರಣ ಅವನದು. ಹನ್ನೆರಡು ವರ್ಷದಿಂದ ಜೊತೆಗಿದ್ದಾನೆ, ಫಿಲಿಪೀನ್ಸಿನವರು ಅಣ್ಣನನ್ನು ಕರೆಯುವ ಹಾಗೆ ಒರೆಸ್ಟ್‌ನನ್ನು ಕುಯಾ ಅನ್ನುತ್ತಾನೆ. ಬೇರೆ ದಿನವಾಗಿದ್ದರೆ ಒರೆಸ್ಟ್ ನಕ್ಕುಬಿಡುತ್ತಿದ್ದ ಮಾತು. ಒರೆಸ್ಟ್ ನಗಲಿಲ್ಲ. ರೊಮೆಲ್‌ನ ಪಕ್ಕದಲ್ಲಿ ಡೆಲ್ಫಿನ್ ಕೂತಿದ್ದಳು, ಎಡಗೈಯನ್ನು ಬಲಗಂಕುಳಲ್ಲಿ ಸಿಕ್ಕಿಸಿಕೊಂಡು. ಸ್ಟುಡಿಯೋದ ಒಳಗೆ ಬೆವರುವಷ್ಟು ಸೆಖೆಯಿದ್ದರೂ ಫೆಬ್ರವರಿ ಬಂತೆಂದರೆ ಅವಳ ಆ ಕೈ ಹಾಗೇ ಕಂಕುಳು ಸೇರುತ್ತದೆ. ಮೂವತ್ತೊಂದು ವರ್ಷದ ಹೆಂಗಸು, ಮೊದಲನೆಯ ಸಿನಿಮಾ ಮಾಡಿದ್ದಾಳೆ, ಹಣ ಕೊಟ್ಟವರ ಎದುರು ಕೂತು ವಾದಿಸುತ್ತಾಳೆ, ಕೈ ಮಾತ್ರ ಒಂಬತ್ತು ವರ್ಷದ್ದು.

ಅವನು ಹಣೆ ಒರೆಸಿಕೊಂಡು ಸ್ಟ್ಯಾಂಡಿನ ಮೇಲಿದ್ದ ಹಾಳೆಯನ್ನು ಮತ್ತೊಮ್ಮೆ ನೋಡಿದ. ಯಾವ ಕ್ಷಣದಲ್ಲಿ ಯಾವ ಸದ್ದು ಬೇಕೆಂದು ಬರೆದ ಪಟ್ಟಿ. ಅಮ್ಮ ಲೂಸಿ, ಬೂಟು ತೆಗೆಯುವುದು. ಮಗು ಎಲೋಡಿ, ಹಿಮದಲ್ಲಿ ಓಟ. ಪಕ್ಕದ ಮನೆಯ ನಾಯಿಗೂ ಒಂದು ಹೆಸರಿತ್ತು. ಅವನಿಗೆ ಇರಲಿಲ್ಲ. ಮಲತಂದೆ, ಆರು ಹೆಜ್ಜೆ. ಮಲತಂದೆ, ಬಾಗಿಲು. ಬೆಳಿಗ್ಗೆ ಹಾಳೆ ಕೈಗೆ ಬಂದಾಗಲೇ ಕೇಳಬೇಕೆಂದಿದ್ದ, ನಾಯಿಗಿಂತ ಕಡೆಯಾದೆನಾ ನಾನು ಅಂತ. ಕೇಳಲಿಲ್ಲ. ಕಾರಿನ ಇಂಜಿನ್ನು ಬೆಚ್ಚಗಿಡುವ ಕರೆಂಟಿನ ತಂತಿ ಚುಚ್ಚಿ ಬಂದಿದ್ದೇನೋ ಇಲ್ಲವೋ ಎಂಬ ಯೋಚನೆ ಬಂತು. ಹೊರಗೆ ಮೈನಸ್ ಮೂವತ್ತೊಂದು ಡಿಗ್ರಿ. ಚುಚ್ಚದಿದ್ದರೆ ಸಂಜೆ ಇಂಜಿನ್ನು ಕಲ್ಲಾಗಿರುತ್ತದೆ. ಹೋಗಿ ನೋಡಿ ಬರಲೇ ಎಂದುಕೊಂಡ. ಇವತ್ತು ಬೆಳಗಿನಿಂದ ಎರಡು ಸಲ ಹೋಗಿ ನೋಡಿ ಬಂದದ್ದು ನೆನಪಾಯಿತು.

ಮಲತಂದೆಯರು ಅವನಿಗೆ ಹೊಸಬರಲ್ಲ. ಕೆಲಸಕ್ಕೆ ಸೇರಿದ ಹೊಸದರಲ್ಲಿ ಸಿನಿಮಾದ ಮಲತಂದೆಗೆಲ್ಲ ದಪ್ಪ ಅಟ್ಟೆಯ ಬೂಟು. ನಿರ್ದೇಶಕರು ಇದೇ ಗಾಜಿನ ಹಿಂದೆ ಕೂತು, ಇನ್ನೂ ಭಾರ, ಇನ್ನೂ ಭಾರ ಅನ್ನುತ್ತಿದ್ದರು. ಅವನು ಸೊಂಟಕ್ಕೆ ಮರಳಿನ ಚೀಲ ಕಟ್ಟಿಕೊಂಡು ನಡೆದದ್ದುಂಟು. ಹೆತ್ತ ತಂದೆ ಬಂದರೆ ಅದೇ ಬೂಟು, ಚೀಲ ಬಿಚ್ಚಿ ನಡೆಯಬೇಕು. ಆಮೇಲೆ ಕಾಲ ಬದಲಾಯಿತು. ಎರಡು ಮುರಿದ ಮನೆ ಸೇರಿ ಒಂದಾಗುವ ಕಥೆಗಳು ಸಾಲುಸಾಲಾಗಿ ಬಂದವು. ಮಲತಂದೆ ಈಗ ಕ್ಯಾನ್ವಾಸ್ ಬೂಟಿನ ಪೆದ್ದ, ಮಾಂಸ ಸುಡಲು ಹೋಗಿ ಏಪ್ರನ್ನಿಗೆ ಬೆಂಕಿ ಹಚ್ಚಿಕೊಳ್ಳುವವನು, ಮಕ್ಕಳ ಕೈಯಲ್ಲಿ ನಗೆಪಾಟಲಾಗುವವನು. ಒಂದು ಗಂಟೆ ಜಗಳ. ಕೊನೆಯ ಹತ್ತು ನಿಮಿಷದಲ್ಲಿ ಎಲ್ಲರೂ ಒಂದೇ ಮೇಜಿನ ಸುತ್ತ ಕೂತು ಪ್ಯಾನ್‌ಕೇಕ್ ತಿನ್ನಬೇಕು. ಆ ಮೇಜಿನ ಸದ್ದನ್ನು ಅವನು ಎಷ್ಟು ಸಲ ಮಾಡಿದ್ದಾನೋ ಲೆಕ್ಕವಿಲ್ಲ. ಎಂಟು ತಟ್ಟೆ, ಎಂಟು ಮುಳ್ಳುಚಮಚ, ಯಾರೋ ಒಬ್ಬರು ಕುರ್ಚಿ ಎಳೆದುಕೊಂಡು ಹತ್ತಿರ ಸರಿಯುವುದು. ಆ ಕುರ್ಚಿ ಎಳೆಯುವಾಗ ಅವನಿಗೆ ಪ್ರತಿಸಲವೂ ರೇಗುತ್ತಿತ್ತು. ಸುಳ್ಳು ಬೊಗಳುತ್ತೀರಿ ಎಂದು ಗಾಜಿನ ಕಡೆ ಕೂಗಬೇಕೆನಿಸುತ್ತಿತ್ತು. ಯಾವನೂ ಒಂದು ಮಂಗಳವಾರವನ್ನು ತೋರಿಸಲಿಲ್ಲ. ಶಾಲೆಯಿಂದ ಬಂದ ಮಗು ಬೂಟಿನ ಹಿಮ ಕೊಡವದೆ ಅಡುಗೆಮನೆಗೆ ನುಗ್ಗುವುದು, ಒರೆಸಿ ಇಟ್ಟ ನೆಲದ ಮೇಲೆ ಕೊಚ್ಚೆ, ಹೊರಗೆ ಹೋಗಿ ಕೊಡವಿಕೊಂಡು ಬಾ ಅಂದರೆ ಆ ಮಗು ಬೂಟು ಬಿಚ್ಚದೆ ಅಲ್ಲೇ ನಿಂತು ಮೇಲೆ ನೋಡಿ, ಇದು ನಮ್ಮ ಪಾಪಾ ಕಟ್ಟಿದ ಮನೆ, ನಿಂದಲ್ಲ, ಅನ್ನುವುದು.

ನಿಜವನ್ನೇ ಹೇಳಿತ್ತು ಮಗು. ಮನೆ ಅವಳ ಅಪ್ಪ ಕಟ್ಟಿದ್ದು. ಸೇಂಟ್ ಬೊನಿಫೇಸ್‌ನ ಆ ಬೀದಿಯಲ್ಲಿ ಎಲ್ಲರೂ ಅದನ್ನು ಅವನ ಹೆಸರಿನಿಂದಲೇ ಗುರುತಿಸುತ್ತಿದ್ದರು. ಅವನು ಉತ್ತರದ ಗಣಿಗೆ ಹೋದವನು ಅಲ್ಲೇ ಇನ್ನೊಬ್ಬಳ ಜೊತೆ ಉಳಿದುಕೊಂಡ. ವರ್ಷಕ್ಕೆ ಎರಡು ಸಲ ಫೋನು ಮಾಡುವವನು ಪಾಪಾ ಆಗಿಯೇ ಇದ್ದ. ದಿನಾ ಬೆಳಿಗ್ಗೆ ಟೋಸ್ಟಿಗೆ ಬೆಣ್ಣೆ ಸವರುವವನು ಒರೆಸ್ಟ್. ಡೆಲ್ಫಿನ್‌ಳ ಅಮ್ಮ ಜಿಸೆಲ್ ಹೇಳಿದ್ದಳು, ಬಲವಂತ ಮಾಡಬೇಡ, ತಾನಾಗಿ ಕರೀತಾಳೆ. ಒಂದೂವರೆ ವರ್ಷ ಅವನು ಕಾದ. ಮೂವತ್ತಾರು ವರ್ಷದ ಗಂಡಸು ಒಂದು ಪುಟ್ಟ ಹುಡುಗಿಯ ಬಾಯಿ ನೋಡಿಕೊಂಡು ಕಾಯುವುದೆಂದರೆ ಎಂಥ ನಾಚಿಕೆಗೇಡು. ಅದನ್ನು ಯಾರಿಗೆ ಹೇಳುವುದು?

"ಹೆಜ್ಜೆ ಆಮೇಲೆ ನೋಡೋಣ. ಬಾಗಿಲು ತಗೊಳ್ಳೋಣ," ಅಂದಳು ಡೆಲ್ಫಿನ್.

ಬಾಗಿಲು ಸ್ಟುಡಿಯೋದ ನಡುವೆ ನಿಂತಿತ್ತು, ಗೋಡೆಯಿಲ್ಲದೆ, ಬರೀ ಚೌಕಟ್ಟಿನಲ್ಲಿ. ಹಸಿರು ಬಣ್ಣ, ಕೆಳಗಡೆ ನಾಯಿ ಪರಚಿದ ಗೀರು, ಈಚೆ ಕಡೆ ಹಿತ್ತಾಳೆಯ ಚಿಲಕ. ನಲವತ್ತು ಸಿನಿಮಾಗಳಲ್ಲಿ ಅದು ಸದ್ದು ಮಾಡಿದೆ. ಕೊಲೆಗಾರರು ಅದರಲ್ಲಿ ಒಳಗೆ ಬಂದಿದ್ದಾರೆ, ಹೆಂಡತಿಯರು ಅದನ್ನು ಬಡಿದು ಹೊರಗೆ ಹೋಗಿದ್ದಾರೆ. ಅದು ಎಲ್ಲಿಂದ ಬಂತೆಂದು ಈ ಕೋಣೆಯಲ್ಲಿ ಇಬ್ಬರಿಗೆ ಗೊತ್ತಿತ್ತು. ಡೆಲ್ಫಿನ್‌ಗೆ ಒಂಬತ್ತಾಗಿದ್ದ ಆ ಚಳಿಗಾಲ ಕಳೆದ ಮೇಲೆ, ಹಿಮ ಕಟ್ಟಿ ಕಚ್ಚಿಕೊಳ್ಳುವ ಬಾಗಿಲು ಮಕ್ಕಳಿರುವ ಮನೆಗೆ ಅಪಾಯ ಎಂದು ಜಿಸೆಲ್‌ಗೆ ಹೇಳಿ ಒರೆಸ್ಟೇ ಅದನ್ನು ಕಿತ್ತು ತಂದಿದ್ದ. ಇಪ್ಪತ್ತೆರಡು ವರ್ಷದಲ್ಲಿ ಅದು ಒಂದು ಸಲವೂ ಕಚ್ಚಿಕೊಂಡಿಲ್ಲ.

ಪರದೆಯ ಮೇಲೆ ಈಗ ಹೊರಗಿನ ದೃಶ್ಯ. ಹಿತ್ತಿಲ ಮೆಟ್ಟಿಲು, ಕೈಗವಸಿಲ್ಲದ ಹುಡುಗಿ, ಅವಳ ಮುಖದೆದುರು ಮುಚ್ಚುವ ಬಾಗಿಲು. ಅಷ್ಟೆ. ಈ ದೃಶ್ಯದಲ್ಲಿ ಕ್ಯಾಮೆರಾ ಒಳಗೆ ಬರುವುದೇ ಇಲ್ಲ. ಹುಡುಗಿ ಹಿಡಿಯನ್ನು ಎರಡು ಸಲ ತಿರುಗಿಸುತ್ತಾಳೆ, ನಾಲ್ಕು ಸಲ ಬಾಗಿಲು ತಟ್ಟುತ್ತಾಳೆ, ಮೆಟ್ಟಿಲ ಮೇಲೆ ಕೂರುತ್ತಾಳೆ. ಅಮ್ಮನ ಕಾರಿನ ಬೆಳಕು ಬೀಳುತ್ತದೆ. ಒಳಗೆ ಏನು ನಡೆಯಿತೆಂಬುದನ್ನು ಸದ್ದೇ ಹೇಳಬೇಕು. ಹಾಳೆಯ ಮೇಲೆ ಡೆಲ್ಫಿನ್ ಬರೆದಿದ್ದಳು: ಬಾಗಿಲು. ಅದರ ಮುಂದೆ, ಹಿಮ ಕಚ್ಚಿದ್ದೋ ಚಿಲಕವೋ? ಅದರ ಕೆಳಗೆ, ಮಲತಂದೆಯ ಹೆಜ್ಜೆ ದೂರವಾಗುವುದು, ಟಿ.ವಿ. ಹಾಕಿದ ಸದ್ದು.

"ಇದೇನಿದು ಪ್ರಶ್ನೆ? ನಿರ್ದೇಶಕಿ ನೀನು. ನಂಗೇನು ಕೇಳ್ತೀಯ?"

"ನಂಗೆ ಗೊತ್ತಿಲ್ಲ, ಒರೆಸ್ಟ್. ಕಿವಿ ಮೇಲೆ ಟೋಪಿ ಇತ್ತು, ಗಾಳಿ ಬೇರೆ. ಹಿಮ ಕಚ್ಚಿತ್ತು ಅಂತ ಅಮ್ಮ ಹೇಳ್ತಾಳೆ. ನಿಂಗೆ ಹೇಗೆ ಸರಿ ಕಾಣುತ್ತೋ ಹಾಗೆ ಮಾಡು."

ಅವಳ ದನಿಯಲ್ಲಿ ಏನೂ ಇರಲಿಲ್ಲ. ಅದೇ ಅವನಿಗೆ ಸಿಟ್ಟು ತಂದದ್ದು. ಬೈದಿದ್ದರೆ ತಿರುಗಿಸಿ ಬೈಯಬಹುದಿತ್ತು. ಅವನು ದಡದಡ ಕಪಾಟಿನ ಹತ್ತಿರ ಹೋಗಿ, ಹಿಮದ ಸದ್ದಿಗೆಂದು ಕಾರ್ನ್‌ಫ್ಲೋರ್ ತುಂಬಿಟ್ಟ ದಿಂಬಿನ ಚೀಲ ತೆಗೆದ, ಒಂದು ಹಳೆಯ ಚರ್ಮದ ತುಂಡು ತೆಗೆದ. ಮುದ್ರಣ ಶುರುವೆಂದು ಕೆಂಪು ದೀಪ ಹತ್ತಿತು. ಚರ್ಮವನ್ನು ಬಾಗಿಲಿಗೂ ಚೌಕಟ್ಟಿಗೂ ನಡುವೆ ಸಿಕ್ಕಿಸಿ ಮುಚ್ಚಿದ. ಹಿಡಿಯನ್ನು ಎಳೆದ ಹಾಗೆ ಚರ್ಮ ಕಿರಗುಟ್ಟಿತು. ಮಂಡಿಯಿಂದ ಚೀಲವನ್ನು ಅದುಮಿದ. ಬಾಗಿಲಿನ ಅಂಚಿಗೆ ಮಂಜುಗಡ್ಡೆ ಕಚ್ಚಿ ಮರ ನರಳುವ ಸದ್ದು ಅಷ್ಟು ಸರಿಯಾಗಿ ಬಂತೆಂದರೆ ದೀಪ ಆರುವುದಕ್ಕೂ ಕಾಯದೆ ರೊಮೆಲ್, "ಅಯ್ಯಪ್ಪಾ, ನನಗೇ ಕಾಲು ಮರಗಟ್ಟಿತು ಕುಯಾ," ಎಂದ.

"ಚೆನ್ನಾಗಿದೆ," ಅಂದಳು ಡೆಲ್ಫಿನ್. ಹಾಳೆಯ ಮೇಲೆ ಏನೋ ಗೀಚಿದಳು. "ಊಟ ಆದ್ಮೇಲೆ ಹೆಜ್ಜೆ ತಗೊಳ್ಳೋಣ."

ಮುಗಿಯಿತು. ಪಾರಾದ. ಇನ್ನು ಈ ಸಿನಿಮಾ ಎಲ್ಲಿ ತೋರಿಸಿದರೂ ಎಷ್ಟು ಜನ ನೋಡಿದರೂ ಅಲ್ಲಿ ಹಿಮ ಕಚ್ಚಿದ ಬಾಗಿಲೇ ಇರುತ್ತದೆ, ಅವನದೇ ಕೈಕೆಲಸ. ಹಗುರಾಗಬೇಕಿತ್ತು. ಮೂಲೆಯ ಬೆಂಚಿನ ಮೇಲೆ ಕೂತು ಡಬ್ಬಿ ತೆಗೆದ. ಜಿಸೆಲ್ ಈರುಳ್ಳಿ ಹುರಿದು ಹಾಕಿ ಕೊಟ್ಟ ಪೆರೋಗಿ, ಆಲೂಗಡ್ಡೆ ತುಂಬಿದ ಕಡುಬು. ಮದುವೆಯಾದ ಮೇಲೆ ಅವಳು ಅವನ ತಾಯಿಯಿಂದ ಕಲಿತದ್ದು, ಈಗ ತಾಯಿ ಮಾಡುತ್ತಿದ್ದುದಕ್ಕಿಂತ ಚೆನ್ನಾಗಿ ಮಾಡುತ್ತಾಳೆ. ಒಂದು ಬಾಯಿಗಿಟ್ಟ. ಡಬ್ಬಿಯನ್ನು ಹಾಗೇ ಪಕ್ಕಕ್ಕೆ ಸರಿಸಿದ. ಆ ಮಂಗಳವಾರ ಜಿಸೆಲ್‌ಳ ಕಾರು ತಿರುವಿಗೆ ಬಂದು ಅದರ ಬೆಳಕು ಕಿಟಕಿಗೆ ಬಿದ್ದಾಗ ಅವನು ಚಿಲಕವನ್ನು ಹಿಂದಕ್ಕೆ ಸರಿಸಿದ್ದ, ಒಂದಿಷ್ಟೂ ಸದ್ದಾಗದಂತೆ. ಸದ್ದು ಮಾಡುವುದನ್ನು ಬಲ್ಲವನಿಗೆ ಸದ್ದಾಗದಂತೆ ಮಾಡುವುದೂ ಗೊತ್ತಿರುತ್ತದೆ. ಆಮೇಲೆ ಭುಜ ಕೊಟ್ಟು ಬಾಗಿಲನ್ನು ಗುದ್ದಿದ, ಹಿಡಿ ಅಲ್ಲಾಡಿಸಿದ, ಹಲ್ಲು ಕಚ್ಚಿ ನರಳಿದ, ಇನ್ನೊಮ್ಮೆ ಗುದ್ದಿ ತೆರೆದ. ಅವನ ಬದುಕಿನ ಅತ್ಯುತ್ತಮ ಕೆಲಸ ಅದು, ಮೈಕಿಲ್ಲದೆ, ಒಂದೇ ಸಲಕ್ಕೆ. ಜಿಸೆಲ್ ಓಡಿ ಬಂದು ಮಗುವನ್ನು ಎತ್ತಿಕೊಂಡು, ನೀನಿಲ್ಲದಿದ್ದರೆ ಏನಾಗ್ತಿತ್ತೋ ಎಂದು ಅವನ ಎದೆಗೊರಗಿ ಅತ್ತಿದ್ದಳು. ಅವಳ ತೋಳಿನ ಮೇಲಿಂದ ಮಗು ಅವನನ್ನು ನೋಡುತ್ತಿತ್ತು. ಎಡಗೈಯ ಎರಡು ಬೆರಳ ತುದಿ ಮೇಣದ ಹಾಗೆ ಬೆಳ್ಳಗಾಗಿತ್ತು.

ಫೋನು ಗುಂಯ್ಗುಟ್ಟಿತು. ಜಿಸೆಲ್.

"ತಿಂದ್ಯಾ?"

"ತಿಂತಿದೀನಿ."

"ಸುಳ್ಳು. ಬಾಯಲ್ಲಿ ಏನೂ ಇಲ್ಲ. ನನ್ ಮಗಳು ಬೈದ್ಲಾ?"

"ಬೈದಿದ್ರೆ ಚೆನ್ನಾಗಿತ್ತು."

"ಅವಳ ಸಿನಿಮಾದಲ್ಲಿ ನೀನು ಕೆಟ್ಟವನಾ ಒಳ್ಳೆಯವನಾ, ಅಷ್ಟು ಹೇಳು. ಒಳ್ಳೆ ಸೀರಿಯಲ್ ನೋಡೋ ಹಾಗೆ ಕಾಯ್ತಿದೀನಿ ನಾನು."

"ಇನ್ನೂ ಗೊತ್ತಾಗಿಲ್ಲ."

"ಬಾಗಿಲು ಗುದ್ದಿ ತೆಗೆದ್ಯಲ್ಲ, ಅದನ್ನ ಹಾಕಿದಾಳೋ ಇಲ್ವೋ? ಹಾಕಿಲ್ಲ ಅಂದ್ರೆ ನಾನು ಬಂದು ಜಗಳ ಆಡ್ತೀನಿ. ತಿಂಗಳುಗಟ್ಟಲೆ ಭುಜ ನೋವು ಅಂತಿದ್ದೆ ಪಾಪ."

"ಫೋನಿಡ್ತೀನಿ, ಜಿಸೆಲ್. ಕೆಲಸ ಇದೆ."

ಭುಜ ನೋವಿದ್ದದ್ದು ನಿಜ. ಅಷ್ಟು ಜೋರಾಗಿ ಗುದ್ದಿದ್ದ, ತೆರೆದಿದ್ದ ಬಾಗಿಲನ್ನು. ಅವನಿಗೆ ಕೂತಲ್ಲಿ ಕೂರಲಾಗಲಿಲ್ಲ. ಕಾರು ನೋಡಿಬರಲು ಕೋಟು ತೆಗೆದುಕೊಂಡ, ಮತ್ತೆ ನೇತುಹಾಕಿದ. ಅವಳು ಯಾಕೆ ಒಪ್ಪಿಕೊಂಡಳು? ಚೆನ್ನಾಗಿದೆ ಅಂತೆ. ಒಂದು ಸಲ ಇಲ್ಲ ಅನ್ನಬಹುದಿತ್ತು. ಹಾಳೆಯ ಮೇಲೆ ಪ್ರಶ್ನೆ ಬರೆದು ಎದುರು ಕೂತು, ಸುಳ್ಳು ಹೇಳುತ್ತಾನೋ ನೋಡೋಣ ಎಂದು ಕಾದು, ಹೇಳಿದ ಮೇಲೆ ಚೆನ್ನಾಗಿದೆ ಎಂದು ಗುರುತು ಹಾಕಿಕೊಳ್ಳುವುದು. ಅವಳೂ ಕಾಯುವುದನ್ನು ಕಲಿತಿದ್ದಾಳೆ. ಯಾರಿಂದ?

ಗಾಜಿನ ಕೋಣೆಯ ಬಾಗಿಲನ್ನು ಅವನು ತಟ್ಟದೆ ನೂಕಿದ. ರೊಮೆಲ್ ನೂಡಲ್ಸ್ ತಿನ್ನುತ್ತಿದ್ದವನು ಫೋರ್ಕನ್ನು ಗಾಳಿಯಲ್ಲೇ ಹಿಡಿದು ಕೂತ.

"ನಾಯಿಗೆ ಹೆಸರಿದೆ," ಅಂದ ಒರೆಸ್ಟ್.

"ಏನು?" ಡೆಲ್ಫಿನ್ ತಲೆಯೆತ್ತಿದಳು.

"ನಿನ್ನ ಸಿನಿಮಾದಲ್ಲಿ. ಪಕ್ಕದ ಮನೆ ನಾಯಿಗೆ ಹೆಸರಿದೆ. ನಂಗಿಲ್ಲ."

"ಏನಂತ ಇಡ್ಲಿ?" ಅವಳ ದನಿ ಮೊದಲ ಸಲ ಏರಿತು. "ಮೂರು ವರ್ಷ ಬರೆದೆ ಆ ಕಥೆ. ಪ್ರತಿ ಸಲ ಆ ಜಾಗಕ್ಕೆ ಬಂದಾಗ ಪೆನ್ನು ನಿಲ್ಲುತ್ತೆ. ಅಪ್ಪ ಅಂತ ಬರೆಯಕ್ಕಾಗಲ್ಲ. ಒರೆಸ್ಟ್ ಅಂತ ಬರೆದ್ರೆ ನೀನು ಬಂದು ನಿಂತ್ಕೊಳ್ತೀಯ, ಟೋಸ್ಟಿಗೆ ಬೆಣ್ಣೆ ಹಚ್ಚಿಕೊಂಡು. ಆಮೇಲೆ ಸೀನು ಬರೆಯೋದು ಹೇಗೆ?"

ಅವನು ಗಾಜಿನ ಕಡೆ ತಿರುಗಿದ. ಗಾಜಿನಾಚೆ ಹಸಿರು ಬಾಗಿಲು ತನ್ನಷ್ಟಕ್ಕೆ ನಿಂತಿತ್ತು.

"ಬಾಗಿಲು ಇನ್ನೊಂದ್ಸಲ ತಗೊಳ್ಳೋಣ," ಎಂದ.

"ಕುಯಾ, ಅದು ಸಖತ್ತಾಗಿತ್ತಲ್ಲ..."

"ಬಾಯ್ಮುಚ್ಚಿ ರೆಕಾರ್ಡ್ ಮಾಡೋ."

ಚರ್ಮದ ತುಂಡನ್ನು ಕಪಾಟಿಗೆ ಎಸೆದ. ಚೀಲವನ್ನು ಕಾಲಿನಿಂದ ಸರಿಸಿದ. ಕೆಂಪು ದೀಪ. ಹುಡುಗಿಯ ಮುಖದೆದುರು ಬಾಗಿಲು ಮುಚ್ಚಿತು, ಇಲ್ಲಿ ಅವನ ಕೈಯಲ್ಲೂ ಮುಚ್ಚಿತು, ಮರಕ್ಕೆ ಮರ ಕೂರುವ ಸಾದಾ ಸದ್ದು. ಹೆಬ್ಬೆರಳು ಚಿಲಕದ ಮೇಲೆ ಹೋಯಿತು. ಹಿತ್ತಾಳೆ ತಣ್ಣಗಿತ್ತು. ತಳ್ಳಿದ. ಟಕ್ ಎಂದಿತು. ನಲವತ್ತು ಸಿನಿಮಾಗಳಲ್ಲಿ ಕೇಳಿದ ಸದ್ದೇ. ಆದರೂ ಅವನ ಬೆನ್ನು ನೆನೆಯಿತು. ಇನ್ನೀಗ ಹೆಜ್ಜೆ, ಬಾಗಿಲಿನಿಂದ ದೂರ, ಐದಾರು, ಆಮೇಲೆ ಟಿ.ವಿ. ಅವನು ನಿಂತೇ ಇದ್ದ. ಪರದೆಯ ಮೇಲೆ ಹುಡುಗಿ ಹಿಡಿ ತಿರುಗಿಸಿದಳು. ಅವನು ಕದಲಲಿಲ್ಲ. ಈ ಕೆಲಸದಲ್ಲಿ ಮೊದಲು ಕಲಿಸುವುದೇ ದೀಪ ಹತ್ತಿರುವಾಗ ಉಸಿರು ಹಿಡಿಯುವುದನ್ನು. ಮೂವತ್ತೊಂದು ವರ್ಷದಲ್ಲಿ ಮೊದಲ ಸಲ ಅವನ ಉಸಿರು ಮೈಕಿಗೆ ಬಿತ್ತು, ಮೂಗಿನಲ್ಲಿ ಸಿಳ್ಳೆಯಾಗಿ, ಮುದುಕನ ಉಸಿರು.

ದೀಪ ಆರಿತು.

"ಹೆಜ್ಜೆ?" ಡೆಲ್ಫಿನ್ ಕೇಳಿದಳು.

"ಹೆಜ್ಜೆ ಇರ್ಲಿಲ್ಲ."

"ನೀನು ಹೋಗಿ ಟಿ.ವಿ. ಹಾಕ್ದೆ. ನಂಗೆ ಕೇಳಿಸ್ತು."

"ಟಿ.ವಿ. ಮೊದ್ಲಿಂದ್ಲೂ ಓಡ್ತಿತ್ತು. ನಾನು ಇಲ್ಲೇ ಇದ್ದೆ."

ಗಾಜಿನ ಕೋಣೆಯಿಂದ ಅವಳು ಎದ್ದು ಬಂದಳು. ಬಾಗಿಲಿನ ಆಚೆ ಬದಿಗೆ ನಿಂತಳು. ಅವನಿಗೆ ಅವಳ ಬೂಟಿನ ತುದಿ ಮಾತ್ರ ಕಾಣುತ್ತಿತ್ತು. ನಾಲ್ಕು ಹೆಜ್ಜೆ ಸುತ್ತಿ ಬಂದರೆ ಮುಖ ನೋಡಬಹುದಿತ್ತು. ಇಬ್ಬರೂ ಬರಲಿಲ್ಲ.

"ಎಷ್ಟು ಹೊತ್ತು?"

"ನಾಲ್ಕು ನಿಮಿಷ, ಹತ್ತು ಸೆಕೆಂಡು."

"ನಾನು ತಟ್ಟಿದ್ದು ಕೇಳಿಸ್ತಿತ್ತಾ?"

"ಏಳು ಸಲ ತಟ್ಟಿದೆ ನೀನು. ನಾಲ್ಕಲ್ಲ. ನಿನ್ನ ಸಿನಿಮಾದಲ್ಲಿ ನಾಲ್ಕು ಅಂತಿದೆ, ತಪ್ಪು. ಅಮ್ಮಾ ಅಂದೆ. ಅಮ್ಮ ಮನೇಲಿಲ್ಲ ಅಂತ ಗೊತ್ತಿದ್ರೂ ಅಮ್ಮಾ ಅಂದೆ. ಆಮೇಲೆ ಪಾಪಾ ಅಂದೆ."

"ಏನಕ್ಕೆ ಕಾಯ್ತಿದ್ದೆ ನೀನು?"

ಅವನು ಬಾಗಿಲಿನ ಹಸಿರನ್ನೇ ನೋಡಿದ. ಇಷ್ಟು ವರ್ಷ ಅವಳು ಅಂದುಕೊಂಡಿದ್ದ ಗಂಡಸು, ಮಗುವನ್ನು ಹೊರಗೆ ಹಾಕಿ ಮರೆತು ಟಿ.ವಿ. ಮುಂದೆ ಕೂತವನು, ಅವನೇ ಎಷ್ಟೋ ವಾಸಿ. ಮರೆತವನನ್ನು ಮಾತಾಡಿಸಿಕೊಂಡು ಇರಬಹುದು. ಈಗ ಅವನನ್ನೂ ಕಿತ್ತು ಬಿಸಾಕಿ, ಹೊಟ್ಟೆಯಲ್ಲಿದ್ದದ್ದನ್ನು ಎತ್ತಿ ಹೊರಗೆ ಹಾಕಬೇಕು.

"ನನ್ನ ಕರೀಲಿ ಅಂತ," ಎಂದ. "ಅಪ್ಪಾ ಅಂತ ಬೇಡ. ಒರೆಸ್ಟ್ ಅಂತಾದ್ರೂ. ಒಂದ್ಸಲ ನನ್ನ ಕರೆದ್ರೆ ತೆಗೀತೀನಿ ಅಂತ ನಿಂತಿದ್ದೆ. ಚಿಲಕದ ಮೇಲೇ ಕೈ ಇತ್ತು."

ಬೂಟಿನ ತುದಿ ಅಲುಗಿತು, ಮತ್ತೆ ನಿಂತಿತು. ಕೋಣೆಯ ಬಿಸಿಗಾಳಿಯ ಕೊಳವೆ ಗುಂಯ್ಗುಟ್ಟುತ್ತಿತ್ತು. ಸದ್ದು ತೆಗೆಯುವಾಗ ಅದನ್ನು ಆರಿಸಬೇಕಿತ್ತು, ರೊಮೆಲ್ ಮರೆತಿದ್ದ, ಯಾರೂ ನೆನಪಿಸಲಿಲ್ಲ.

"ಅಮ್ಮ ನೋಡ್ತಾಳೆ ಇದನ್ನ," ಅಂದಳು ಅವಳು ಕೊನೆಗೆ. "ಮೊದಲನೇ ಸಾಲಲ್ಲಿ ಕೂತು."

"ಗೊತ್ತು."

"ನಾನು ಹೇಳಲ್ಲ. ಸಿನಿಮಾ ನೋಡಿ ಗೊತ್ತಾಗೋದು ಬೇಡ."

"ನಾನೇ ಹೇಳ್ತೀನಿ. ಇವತ್ತೇ." ಹೇಳುವಾಗಲೇ ಅವನಿಗೆ ಜಿಸೆಲ್‌ಳ ಅಡುಗೆಮನೆ ಕಂಡಿತು, ಅವಳು ಕೈಯಲ್ಲಿದ್ದದ್ದನ್ನು ಕೆಳಗಿಟ್ಟು ಕೇಳುವುದು, ಆಮೇಲೆ ಭುಜ ನೋವು ಎಂದು ತಾನು ತಿಂಗಳುಗಟ್ಟಲೆ ಎಣ್ಣೆ ತಿಕ್ಕಿಸಿಕೊಂಡದ್ದು ಅವಳಿಗೆ ನೆನಪಾಗುವುದು. ಊಟದ ಡಬ್ಬಿ ಬೆಂಚಿನ ಮೇಲೆ ಬಾಯಿ ತೆರೆದುಕೊಂಡೇ ಇತ್ತು.

"ರೊಮೆಲ್," ಡೆಲ್ಫಿನ್ ದನಿ ಎತ್ತಿ ಹೇಳಿದಳು, "ಹಾಳೆಯಿಂದ ಹೆಜ್ಜೆ ತೆಗೆದುಹಾಕು. ಉಸಿರು ಇರಲಿ. ಮೊದಲಿಂದ ಓಡಿಸು. ತಟ್ಟೋದನ್ನ ನಾನೇ ಮಾಡ್ತೀನಿ."

ಬಿಸಿಗಾಳಿ ನಿಂತಿತು. ಕೆಂಪು ದೀಪ ಹತ್ತಿತು. ಅವನು ಬಾಗಿಲು ಮುಚ್ಚಿದ, ಚಿಲಕ ತಳ್ಳಿದ, ನಿಂತ. ಪರದೆಯ ಮೇಲಿನ ಹುಡುಗಿ ಕೈಯೆತ್ತಿದಳು. ಮರದ ಆಚೆಯಿಂದ ಒಂದು, ಎರಡು. ಎಡಗೈಯಲ್ಲಿ ತಟ್ಟುತ್ತಿದ್ದಾಳೆ ಎಂದು ಅವನ ಕಿವಿಗೆ ಗೊತ್ತಾಯಿತು. ಎರಡು ಬೆರಳು ಸರಿಯಾಗಿ ಮಡಚದ ಕೈಯ ಸದ್ದು ಬೇರೆ. ಮೂರು. ನಾಲ್ಕು. ಪರದೆಯ ಹುಡುಗಿ ಮೆಟ್ಟಿಲ ಮೇಲೆ ಕೂತಳು. ಅವಳ ತಟ್ಟುವುದು ಮುಗಿದಿತ್ತು. ಬಾಗಿಲಿನ ಆಚೆ ಐದನೆಯದು ಬಿತ್ತು. ರೊಮೆಲ್ ಗಾಜಿನ ಹಿಂದೆ ತಲೆ ಎತ್ತಿದ. ಪರದೆಯ ಮೇಲೆ ಕಾರಿನ ಬೆಳಕು ಬಂತು, ಹೋಯಿತು, ಚಿತ್ರ ಮುಗಿದು ಬರೀ ಕಪ್ಪಾಯಿತು. ದೀಪ ಮಾತ್ರ ಕೆಂಪಗೆ ಉರಿಯುತ್ತಿತ್ತು. ಆರು. ಅವನ ಹೆಬ್ಬೆರಳು ಅವನನ್ನು ಕೇಳದೆ ಹಿತ್ತಾಳೆಯನ್ನು ಹಿಂದಕ್ಕೆಳೆಯಿತು, ಸದ್ದಾದರೆ ಆಗಲಿ ಎಂದು, ಟಕ್ ಎಂದು, ಬಾಗಿಲು ತೆರೆಯಿತು.

ಡೆಲ್ಫಿನ್ ಏಳನೆಯದಕ್ಕೆ ಕೈ ಎತ್ತಿದ್ದಳು. ಮುಖ ಒದ್ದೆಯಾಗಿತ್ತು. ಅವಳು ಅವನನ್ನು ನೋಡಲಿಲ್ಲ, ಅವನ ಹೆಬ್ಬೆರಳನ್ನು ನೋಡಿದಳು. ಎತ್ತಿದ ಕೈಯನ್ನು ಇಳಿಸಿ ಕಂಕುಳಲ್ಲಿ ಸಿಕ್ಕಿಸಿಕೊಂಡಳು.

"ಇನ್ನೂ ಒಂದಿತ್ತು," ಅಂದಳು. "ಟೇಕ್ ಹಾಳು ಮಾಡ್ದೆ. ಮತ್ತೆ ಮಾಡೋಣ, ಒರೆಸ್ಟ್. ಈ ಸಲ ತೆಗೀಬೇಡ."

ಅವನು ಬಾಗಿಲು ಮುಚ್ಚಿದ. ಚಿಲಕ ಹಾಕಿದ.